ಮಗಳ ಕಾಲಿನ ಮರ

ಕಾಲುಜೋಡಿನ ಅಂಗಡಿಯ ಗೋಡೆಗೆ ಈ ತುದಿಯಿಂದ ಆ ತುದಿಯವರೆಗೆ ಒಂದು ಹಲಗೆ ಹೊಡೆದಿತ್ತು. ಅದರ ಮೇಲೆ ಮರದ ಪಾದಗಳು ಸಾಲಾಗಿ ನಿಂತಿರುತ್ತಿದ್ದವು. ಒಂದು ಒಳಕ್ಕೆ ವಾಲಿದ್ದು, ಒಂದು ಚಪ್ಪಟೆ, ಒಂದಕ್ಕೆ ಬೆರಳಿನ ಕಡೆ ಅರ್ಧವೇ ಇಲ್ಲ. ಹೊಸದಾಗಿ ಬಂದವರು ತಲೆ ಎತ್ತಿ ನೋಡಿ ಒಂದು ಗಳಿಗೆ ಬೆಚ್ಚಿಬೀಳುತ್ತಿದ್ದರು. ಆಮೇಲೆ ತಮ್ಮ ಕಾಲು ನೋಡಿಕೊಂಡು, ಇಲ್ಲಿ ನಾನೊಬ್ಬನೇ ಅಲ್ಲ ಅಂತ ಸಮಾಧಾನ ಮಾಡಿಕೊಂಡು ಕೂರುತ್ತಿದ್ದರು. ಪೇಟೆಯ ಸಿದ್ಧ ಜೋಡಿನಲ್ಲಿ ಯಾರ ಕಾಲಿಗೆ ಜಾಗ ಇರಲಿಲ್ಲವೋ ಅವರೆಲ್ಲ ಹುಡುಕಿಕೊಂಡು ಬರುತ್ತಿದ್ದ ಅಂಗಡಿ ಅದು.

ಆ ಮರದ ಪಾದಕ್ಕೆ ಅಂಗಡಿಯಲ್ಲಿ ಕಾಲಚ್ಚು ಅನ್ನುತ್ತಿದ್ದರು. ಕಾಲಿನ ಅಳತೆ ತೆಗೆದು, ಅದೇ ಆಕಾರಕ್ಕೆ ಮರ ಕೆತ್ತಿ, ಆ ಮರದ ಮೇಲೆ ಒದ್ದೆ ತೊಗಲು ಎಳೆದು ಮೊಳೆ ಹೊಡೆದು ಒಣಗಿಸಿದರೆ ಜೋಡು ಆ ಕಾಲಿಗೆ ಕೂರುತ್ತದೆ. ಒಬ್ಬರಿಗೆ ಒಂದು ಅಚ್ಚು. ಅವರು ಬದುಕಿರುವ ತನಕ ಅದು ಅವರದ್ದು.

ಈ ಅಂಗಡಿಗೆ ಅವಳು ಮದುವೆಯಾಗಿ ಬಂದಳು. ಅಂಗಡಿಯ ಹಿಂದೆಯೇ ಮನೆ. ನಡುವೆ ಒಂದು ಬಾಗಿಲು, ಅದಕ್ಕೆ ಚಿಲಕವಿಲ್ಲ. ಮೊದಮೊದಲು ತೊಗಲಿನ ವಾಸನೆಗೆ ಅವಳಿಗೆ ಅನ್ನ ಇಳಿಯುತ್ತಿರಲಿಲ್ಲ.

"ತಡಿ, ಇನ್ನು ಸ್ವಲ್ಪ ದಿನ ಹೋದ್ರೆ ಈ ವಾಸನೆ ಇಲ್ಲದ ಕಡೆ ನಿನಗೆ ನಿದ್ದೆ ಬರಲ್ಲ" ಅಂದ ಗಂಡ.

"ನಿದ್ದೆ ಇರಲಿ, ನಿಮ್ಮ ಹತ್ರ ಕೂತ್ಕೊಳ್ಳೋಕೇ ಕಷ್ಟ" ಅಂದಳು ಅವಳು.

ಅವನು ನಕ್ಕು, ಸೋಪು ಹಾಕಿ ಕೈ ತೊಳೆದು ಬಂದ. ತೊಳೆದರೆ ಹೋಗುವ ವಾಸನೆ ಅದಲ್ಲ. ಆದರೂ ತೊಳೆದು ಬಂದನಲ್ಲ ಅಂತ ಅವಳಿಗೆ ಅವನ ಮೇಲೆ ಮನಸ್ಸು ಕೂತಿತು.

ಆಮೇಲೆ ಅವಳೂ ಕೆಲಸ ಕಲಿತಳು. ಮೇಲ್ತೊಗಲು ಹೊಲಿಯುವುದು ಅವಳ ಪಾಲಿಗೆ ಬಂತು. ದಬ್ಬಳದಲ್ಲಿ ತೂತು ಮಾಡಿ, ಮೇಣ ತೀಡಿದ ದಾರವನ್ನು ಎರಡು ಸೂಜಿಯಲ್ಲಿ ಎದುರುಬದರು ಎಳೆಯಬೇಕು. ಒಂದು ಹೊಲಿಗೆ ಸಡಿಲವಾದರೂ ಕುಂಟುವವರಿಗೆ ಗೊತ್ತಾಗಿಬಿಡುತ್ತದೆ, ನೆಟ್ಟಗೆ ನಡೆಯುವವರಿಗೆ ಗೊತ್ತಾಗುವುದಿಲ್ಲ. ಮರ ಕೆತ್ತುವ ಉಳಿ, ಉಜ್ಜುವ ಅರ ಮಾತ್ರ ಅವನದ್ದು. "ಮರ ನನಗೆ, ದಾರ ನಿನಗೆ" ಅನ್ನುತ್ತಿದ್ದ. ಅವಳು ಅರ ಮುಟ್ಟಿದವಳೇ ಅಲ್ಲ.

ಒಂದು ಸಲ ಅವನು ಹಲಗೆಯಿಂದ ಒಂದು ದೊಡ್ಡ ಅಚ್ಚು ಇಳಿಸಿ, ತೊಡೆ ನಡುವೆ ಸಿಕ್ಕಿಸಿಕೊಂಡು, ಗರಗರ ಅರ ಹಾಕುತ್ತಿದ್ದ.

"ಯಾರದು ಅದು?"

"ಅಂಚೆಯವರದು. ತೀರಿಕೊಂಡ್ರಲ್ಲ."

"ಅಯ್ಯೋ, ಹಾಳು ಮಾಡ್ತಿದ್ದೀರಾ?"

"ಹಾಳಲ್ಲ, ಇಳಿಸ್ತಿದ್ದೀನಿ. ಹೋಟೆಲಿನ ಹುಡುಗನ ಕಾಲೂ ಇವರ ಹಾಗೇ ವಾಲಿದೆ, ಒಂದಿಷ್ಟು ಸಣ್ಣದು ಅಷ್ಟೆ. ಹೊಸ ಮರ ಒಣಗೋಕೆ ವರ್ಷಗಟ್ಟಲೆ ಬೇಕು. ಇದು ಅಪ್ಪನ ಕಾಲದ್ದು, ಇನ್ನು ಬಿರಿಯಲ್ಲ, ಬಾಗಲ್ಲ."

"ಪಾಪ, ಇಟ್ಟುಕೊಳ್ಳಬಾರದಾ?"

"ಇಟ್ಟುಕೊಂಡು? ಅಂಚೆಯವರು ಇನ್ನೊಂದು ಸಲ ಬಂದು ಜೋಡು ಹಾಕಿ ನೋಡ್ತಾರಾ?"

ಅಂಗಡಿಯ ಪದ್ಧತಿಯೇ ಅದು. ಅವನ ಅಪ್ಪನ ಕಾಲದಿಂದ ಬಂದದ್ದು. ಯಾರಾದರೂ ತೀರಿಕೊಂಡರೆ ಅವರ ಅಚ್ಚನ್ನು ಇನ್ನೊಬ್ಬರ ಸಣ್ಣ ಕಾಲಿಗೆ ಇಳಿಸುವುದು. ಇಳಿಸುತ್ತ ಇಳಿಸುತ್ತ ಗಂಡಸಿನ ಕಾಲು ಹೆಂಗಸಿನದ್ದಾಗಿ, ಹೆಂಗಸಿನದ್ದು ಮಗುವಿನದ್ದಾಗಿ, ಕೊನೆಗೆ ಒಲೆಗೆ ಹೋಗುತ್ತಿತ್ತು. ಅವಳಿಗೂ ಅದು ಅಭ್ಯಾಸವಾಗಿ ಹೋಯಿತು. ಮರದ ಪುಡಿ ಗುಡಿಸಿ ಹೊರಗೆ ಹಾಕುವಾಗ ಇದು ಯಾರ ಹಿಮ್ಮಡಿ, ಯಾರ ಹೆಬ್ಬೆರಳು ಅಂತ ಯಾವತ್ತೂ ಯೋಚನೆ ಬರಲಿಲ್ಲ.

ತುಂಬ ಕಾಯಿಸಿ ಅವರಿಗೊಂದು ಹೆಣ್ಣು ಮಗು ಹುಟ್ಟಿತು. ಎಡಗಾಲು ಒಳಕ್ಕೆ ಮಡಚಿಕೊಂಡಿತ್ತು. ಆಸ್ಪತ್ರೆಯ ದಾದಿ ಬಟ್ಟೆ ಸರಿಸಿ ತೋರಿಸುವಾಗ ಮುಖ ಬೇರೆ ಕಡೆ ತಿರುಗಿಸಿದಳು. ಗಂಡ ಬಗ್ಗಿ, ಆ ಕಾಲನ್ನು ಅಂಗೈಯಲ್ಲಿಟ್ಟುಕೊಂಡು, ಅಳತೆ ತೆಗೆಯುವವನ ಹಾಗೆ ಆ ಕಡೆ ಈ ಕಡೆ ತಿರುಗಿಸಿ ನೋಡಿದ.

"ಜಾಣೆ ಕಣೇ ಇವಳು. ಸರಿಯಾದ ಮನೆ ಹುಡುಕಿಕೊಂಡೇ ಬಂದಿದ್ದಾಳೆ" ಅಂದ.

ಅವಳು ಅತ್ತಳು. ಅಳುತ್ತಲೇ ನಕ್ಕಳು.

ಡಾಕ್ಟರು ಕೊಯ್ದು, ಪ್ಲಾಸ್ಟರು ಹಾಕಿ, ಕಾಲು ಮುಕ್ಕಾಲು ಪಾಲು ನೆಟ್ಟಗೆ ಮಾಡಿದರು. ಕಾಲು ಒಂದಿಷ್ಟು ಗಿಡ್ಡವಾಗಿಯೇ ಉಳಿಯಿತು. ಹೊರಬದಿಯಲ್ಲಿ, ಕಿರುಬೆರಳಿಗಿಂತ ಸ್ವಲ್ಪ ಹಿಂದೆ, ಚರ್ಮದ ಕೆಳಗೆ ಒಂದು ಸಣ್ಣ ಗಂಟು ಮೂಳೆಯೂ ಉಳಿಯಿತು. ಅಲ್ಲಿ ನೋವಾಗುತ್ತಿತ್ತು. ಸಂಜೆ ಅವಳು ಮಗಳ ಕಾಲನ್ನು ಮಡಿಲಲ್ಲಿಟ್ಟುಕೊಂಡು, ಎಣ್ಣೆ ಹಚ್ಚಿ, ಆ ಗಂಟಿನ ಸುತ್ತ ಹೆಬ್ಬೆರಳಿನಲ್ಲಿ ಮೆಲ್ಲಗೆ ತೀಡುತ್ತಿದ್ದಳು. ಬಲಗಾಲಿಗೆ ಮಾಮೂಲಿ ಅಚ್ಚು ಸಾಕಾಗುತ್ತಿತ್ತು. ಎಡಗಾಲಿಗೆ ಅಪ್ಪನೇ ಬೇರೆ ಕೆತ್ತುತ್ತಿದ್ದ. ಮಗಳು ಬೆಳೆದಂತೆ ಹೊಸದು ಕೆತ್ತಿ, ಹಳೆಯದನ್ನು ಇನ್ನೂ ಸಣ್ಣ ಮಕ್ಕಳಿಗೆ ಇಳಿಸಿಬಿಡುತ್ತಿದ್ದ. ಆಗ ಅದು ಯಾರಿಗೂ ಏನೂ ಅನ್ನಿಸಿರಲಿಲ್ಲ. ಮಗಳು ಕಣ್ಣೆದುರಿಗೇ ಓಡಾಡುತ್ತಿದ್ದಳಲ್ಲ.

ಎಡಗಾಲಿನ ಜೋಡಿಗೆ ಅಟ್ಟೆ ದಪ್ಪ. ಮಗಳು ನಡೆದರೆ ಟಿಕ್ ಅಂತ ಒಂದು, ಟಕ್ ಅಂತ ಒಂದು. ಅದಕ್ಕೆ ಅಪ್ಪ ಅವಳನ್ನು ಗಡಿಯಾರ ಅಂತ ಕರೆಯುತ್ತಿದ್ದ. ಬೀದಿಯವರೂ ಹಾಗೇ ಕರೆದರು.

"ಏ ಗಡಿಯಾರ, ನಿಂತು ಹೋದ್ಯಾ?"

"ನಿಂತಿಲ್ಲ, ಕೀಲಿ ಕೊಡ್ತಿದ್ದೀನಿ!" ಅಂತ ಅವಳು ಬಾಗಿಲಲ್ಲಿ ಕೂತು ತಿಂಡಿ ತಿನ್ನುತ್ತ ಉತ್ತರ ಕೊಡುತ್ತಿದ್ದಳು.

ಅಂಗಡಿಗೆ ಬರುವವರಲ್ಲಿ ಮಗಳಿಗೆ ಬಹಳ ಬೇಕಾದವರು ಒಬ್ಬ ಮೇಷ್ಟ್ರು. ಕಾಲೇಜಿನಲ್ಲಿ ತತ್ವಶಾಸ್ತ್ರ ಹೇಳುತ್ತಿದ್ದರು. ಅವರ ಬಲಗಾಲು ಅರ್ಧ ಇಂಚು ಗಿಡ್ಡ. ಎದುರಿಗೆ ಮೇಷ್ಟ್ರೇ ಅಂದು, ಬೆನ್ನ ಹಿಂದೆ ಅರ್ಧ ಇಂಚು ಅನ್ನುತ್ತಿದ್ದರು ಎಲ್ಲರೂ. ಮಗಳು ಮಾತ್ರ ಎದುರಿಗೇ ಅನ್ನುತ್ತಿದ್ದಳು. ಅವರಿಗೂ ಅದು ಖುಷಿ. "ನಿನ್ನದು ಎಡ, ನನ್ನದು ಬಲ. ಇಬ್ಬರೂ ಸೇರಿದ್ರೆ ಒಬ್ಬ ಒಳ್ಳೆ ಮನುಷ್ಯ ಆಗ್ತಾನೆ ನೋಡು" ಅನ್ನುತ್ತಿದ್ದರು.

ಒಂದು ಮಧ್ಯಾಹ್ನ ಅವರ ಜೋಡಿಗೆ ಹೊಸ ಅಟ್ಟೆ ಅಂಟಿಸುವುದಿತ್ತು. ಮೇಷ್ಟ್ರು ಕಾಲುಚೀಲದಲ್ಲಿ ಸ್ಟೂಲಿನ ಮೇಲೆ ಕೂತಿದ್ದರು. ತಾಯಿ ಮೂಲೆಯಲ್ಲಿ ಹೊಲಿಯುತ್ತಿದ್ದಳು. ಮಗಳು ಅವರ ಎದುರಿಗೆ ನೆಲದ ಮೇಲೆ ಕೂತು ಕೇಳಿದಳು.

"ನೀವು ಕಾಲೇಜಲ್ಲಿ ಏನು ಕಲಿಸ್ತೀರಿ?"

"ಇರೋದರ ಬಗ್ಗೆ ಕಲಿಸ್ತೀನಿ."

"ಏನಿರೋದು?"

"ಏನಾದ್ರೂ ಸರಿ. ಕಲ್ಲು, ನಾಯಿ, ನೀನು. ಅದು ಇದೆ ಅಂತೀವಲ್ಲ, ಹಾಗಂದ್ರೆ ಏನು ಅಂತ."

"ಅದಕ್ಕೆ ಸಂಬಳ ಕೊಡ್ತಾರಾ?"

ಅಪ್ಪ ಅಂಟಿನ ಡಬ್ಬಿ ಕೈಯಲ್ಲಿ ಹಿಡಿದೇ ಬಿದ್ದು ಬಿದ್ದು ನಕ್ಕ. ಮೇಷ್ಟ್ರು ಮಾತ್ರ, "ಕೊಡ್ತಾರೆ ಪುಟ್ಟಿ. ನನಗೂ ಆಶ್ಚರ್ಯವೇ" ಅಂದರು. ಆಮೇಲೆ ಹಲಗೆಯ ಕಡೆ ಕೈ ತೋರಿಸಿ, "ನಮ್ಮ ಪಾಠದ ದೊಡ್ಡ ಪದವೊಂದು ನಿಮ್ಮ ಅಂಗಡಿಯಲ್ಲೇ ಇದೆ ಗೊತ್ತಾ?" ಅಂದರು.

"ಯಾವುದು?"

"ಹ್ಯೂಲೆ."

"ಅದೇನು, ಕೆಮ್ಮಿದ ಹಾಗಿದೆ!"

"ಗ್ರೀಕರ ಮಾತು. ಅವರ ಮನೆಮಾತಿನಲ್ಲಿ ಹ್ಯೂಲೆ ಅಂದ್ರೆ ಮರ. ಕಾಡಿನ ಮರ, ಒಲೆಗೆ ಹಾಕೋ ಸೌದೆ, ಬಡಗಿ ಹತ್ರ ಬಿದ್ದಿರೋ ತೊಲೆ, ಎಲ್ಲ ಹ್ಯೂಲೆಯೇ. ಅವರಲ್ಲಿ ಒಬ್ಬ ಪಂಡಿತ ಇದ್ದ. ಅವನು ಒಂದೊಂದೇ ವಸ್ತು ನೋಡ್ತಾ ಕೂತ. ಮಂಚ ಇದೆ. ಅದನ್ನ ಮಾಡೋಕೆ ಮುಂಚೆ ಏನೋ ಒಂದು ಇತ್ತಲ್ಲ? ಮಂಚ ಆಗಿರಲಿಲ್ಲ, ಬಾಗಿಲೂ ಆಗಿರಲಿಲ್ಲ, ಆದ್ರೆ ಏನು ಬೇಕಾದ್ರೂ ಆಗೋಕೆ ಕಾಯ್ತಾ ಇತ್ತು. ಅದನ್ನ ಏನಂತ ಕರೆಯೋದು? ಅವನ ಭಾಷೆಯಲ್ಲಿ ಅದಕ್ಕೆ ಮಾತೇ ಇರಲಿಲ್ಲ. ಬಡಗಿಯ ಮಾತನ್ನೇ ತಂದು ಇಟ್ಟ. ಹ್ಯೂಲೆ ಅಂದ. ಕಂಚಿಗೂ ಹ್ಯೂಲೆ ಅಂದ, ಮಣ್ಣಿಗೂ ಹ್ಯೂಲೆ ಅಂದ, ನಮ್ಮ ಮೈಯ ರಕ್ತ ಮಾಂಸಕ್ಕೂ ಅದೇ ಅಂದ. ನಮ್ಮ ಪುಸ್ತಕಗಳಲ್ಲಿ ದ್ರವ್ಯ ಅಂತ ಬರೀತೀವಿ. ಆದ್ರೆ ಮೊದಲು ಅದು ಬರೀ ಮರ."

"ಹಾಗಾದ್ರೆ ಎಲ್ಲಾನೂ ಮರವೇ?"

"ಮರ ಮತ್ತು ಆಕಾರ. ಎರಡೂ ಸೇರಬೇಕು. ಬರೀ ಮರ ಇದ್ರೆ ಇನ್ನೂ ಏನೂ ಇಲ್ಲ. ಬರೀ ಆಕಾರ ಗಾಳಿಯಲ್ಲಿ ನಿಲ್ಲಲ್ಲ. ನಿಮ್ಮಪ್ಪ ಮರಕ್ಕೆ ಆಕಾರ ಕೊಟ್ಟಾಗ ಅಲ್ಲಿ ಒಂದು ಕಾಲಚ್ಚು ಇದೆ ಅಂತೀವಿ."

ಮಗಳು ತಲೆ ಎತ್ತಿ ಹಲಗೆ ನೋಡಿದಳು. "ಅಪ್ಪ ಅದನ್ನ ಅರದಲ್ಲಿ ಉಜ್ಜಿ ಬೇರೆಯವರಿಗೆ ಮಾಡಿಬಿಡ್ತಾರೆ. ಆಗ ಮೊದಲಿನ ಆಕಾರ ಎಲ್ಲಿಗೆ ಹೋಗುತ್ತೆ?"

"ಹೋಗಲ್ಲ. ಇಲ್ಲವಾಗುತ್ತೆ."

"ಹೋಗೋದಕ್ಕೂ ಇಲ್ಲವಾಗೋದಕ್ಕೂ ಏನು ವ್ಯತ್ಯಾಸ?"

"ಹೋದದ್ದು ಬೇರೆ ಎಲ್ಲೋ ಇರುತ್ತೆ" ಅಂದರು ಮೇಷ್ಟ್ರು. ಅಪ್ಪ ಜೋಡು ಕೊಟ್ಟ. ಮೇಷ್ಟ್ರು ಹಾಕಿಕೊಂಡು ನಾಲ್ಕು ಹೆಜ್ಜೆ ನಡೆದು, "ಈಗ ನೋಡು, ಪೂರ್ತಿ ಮನುಷ್ಯ" ಅಂದು ಹೊರಟರು.

ಮಗಳಿಗೆ ಒಂಬತ್ತು ತುಂಬಿರಲಿಲ್ಲ, ಒಂದು ಜ್ವರ ಬಂತು. ಮಾಮೂಲಿ ಜ್ವರ ಅಂದುಕೊಂಡರು. ಡಾಕ್ಟರೂ ಹಾಗೇ ಅಂದುಕೊಂಡರು. ಬೀದಿಯಲ್ಲಿ ಎಷ್ಟೋ ಮಕ್ಕಳಿಗೆ ಬಂದು ಬಿಟ್ಟುಹೋದ ಜ್ವರ ಅದು. ಇವಳನ್ನು ಬಿಡಲಿಲ್ಲ.

ಅವಳ ಜೋಡು ಅವಳ ಜೊತೆಯಲ್ಲೇ ಹೋಯಿತು. ಬರಿಗಾಲಲ್ಲಿ ಕಳಿಸಲು ಅಪ್ಪನಿಗೆ ಮನಸ್ಸು ಬರಲಿಲ್ಲ. ಬಟ್ಟೆಗಳನ್ನು ತಾಯಿ ಒಗೆದು ಮಡಚಿ ಆಸ್ಪತ್ರೆಯ ಮಕ್ಕಳಿಗೆ ಕೊಟ್ಟುಬಂದಳು. ಮನೆಯಲ್ಲಿ ಒಂದೇ ಒಂದು ಫೋಟೋ ಇತ್ತು. ಅದನ್ನು ತೆಗೆದವನು, ಚೆನ್ನಾಗಿ ಕಾಣಲಿ ಅಂತ, ಎಡಗಾಲನ್ನು ಬಲಗಾಲಿನ ಹಿಂದೆ ಮುಚ್ಚಿಡಲು ಹೇಳಿದ್ದ. ಒಳ್ಳೆಯದಕ್ಕೇ ಹೇಳಿದ್ದ. ಅದರಿಂದಾಗಿ ಆ ಕಾಲು ಹೇಗಿತ್ತು ಅನ್ನುವುದು ಲೋಕದಲ್ಲಿ ಒಂದೇ ಕಡೆ ಉಳಿಯಿತು. ಹಲಗೆಯ ಮೇಲಿನ ಆ ಮರದಲ್ಲಿ.

ಬೆಳಿಗ್ಗೆ ಅಂಗಡಿ ಗುಡಿಸಿ, ಹಲಗೆಯ ಧೂಳು ಒರೆಸುವಾಗ ಅವಳು ಮಗಳ ಅಚ್ಚನ್ನೂ ಒರೆಸುತ್ತಿದ್ದಳು. ಹೊರಬದಿಯ ಗಂಟಿನ ಮೇಲೆ ಹೆಬ್ಬೆರಳು ಬಂದರೆ ಅಲ್ಲೇ ನಿಲ್ಲುತ್ತಿತ್ತು. ಗಂಡ ಅದನ್ನೂ ಕೆತ್ತಿದ್ದ, ಇದ್ದ ಹಾಗೆಯೇ. ಅವಳು ಒಂದು ಸುತ್ತು ತೀಡುತ್ತಿದ್ದಳು, ಸಂಜೆ ಎಣ್ಣೆ ಹಚ್ಚುವಾಗಿನ ಹಾಗೆ. ಗಂಡ ನೋಡುತ್ತಿದ್ದ, ನೋಡದವನ ಹಾಗೆ ಮೊಳೆ ಆರಿಸುತ್ತಿದ್ದ. ಅಂಗಡಿಯ ಪದ್ಧತಿ ಇಬ್ಬರಿಗೂ ಗೊತ್ತಿತ್ತು.

ಹೀಗಿರುವಾಗ ಪಕ್ಕದ ಬೀದಿಯ ಟೈಲರಮ್ಮ ತನ್ನ ಮಗಳನ್ನು ಎತ್ತಿಕೊಂಡು ಬಂದಳು. ಮಗುವಿಗೆ ಆರೇಳು ವರ್ಷ ಇರಬಹುದು. ಎಡಗಾಲು. ಪ್ಲಾಸ್ಟರು ಬಿಚ್ಚಿ, ತಾತ್ಕಾಲಿಕಕ್ಕೆ ಒಂದು ಪಟ್ಟಿ ಕಟ್ಟಿ ಕಳಿಸಿದ್ದರು.

"ಬೇಗ ಜೋಡು ಹಾಕಿಸಬೇಕಂತೆ ಅಣ್ಣ. ತಡ ಮಾಡಿದ್ರೆ ಕಾಲು ಮತ್ತೆ ಒಳಕ್ಕೆ ತಿರುಗುತ್ತಂತೆ. ಮತ್ತೆ ಕೊಯ್ಯಬೇಕಾಗುತ್ತೆ ಅಂದ್ರು. ಇನ್ನೊಂದು ಸಲ ಇವಳು ತಡೆಯಲ್ಲ, ನಾನಂತೂ ತಡೆಯಲ್ಲ" ಅಂದಳು ಟೈಲರಮ್ಮ. ಅವಳಿಗೆ ಗಡಿಯಾರದ ವಿಷಯ ಗೊತ್ತಿತ್ತು. ಮೂಲೆಯಲ್ಲಿ ಹೊಲಿಯುತ್ತಿದ್ದ ತಾಯಿಯ ಮುಖ ನೋಡಲಾರದೆ ಮಗುವಿನ ಕೂದಲು ಸರಿಮಾಡುತ್ತ ನಿಂತಳು.

ಗಂಡ ಪಟ್ಟಿ ಬಿಚ್ಚಿ ಅಳತೆ ತೆಗೆದ. ಒಂದು ಸಲ ತೆಗೆದವನು ಮತ್ತೊಂದು ಸಲ ತೆಗೆದ. ಅವನು ಹಲಗೆಯ ಕಡೆ ತಲೆ ಎತ್ತಲಿಲ್ಲ. ಎತ್ತಲಿಲ್ಲ ಅನ್ನುವುದರಿಂದಲೇ ಅವಳಿಗೆ ಎಲ್ಲ ತಿಳಿಯಿತು.

ಅವರು ಹೋದ ಮೇಲೆ ಅವಳೇ ಬಾಯಿ ಬಿಟ್ಟಳು.

"ಆ ಒಂದು ಬಿಟ್ಟು ಯಾವುದು ಬೇಕಾದ್ರೂ ತಗೊಳ್ಳಿ."

"ಉಳಿದ ಎಡಗಾಲಿನವೆಲ್ಲ ಬದುಕಿರೋರದ್ದು. ಆ ಮೂಲೇದು ಇಳಿಸೋಣ ಅಂದ್ರೆ ಅದು ಹೊರಕ್ಕೆ ವಾಲಿದ್ದು."

"ಹೊಸ ಮರ?"

"ಹಸಿ ಇದೆ. ಒದ್ದೆ ತೊಗಲು ಎಳೆದ್ರೆ ಬಾಗಿಬಿಡುತ್ತೆ. ಬಾಗಿದ ಅಚ್ಚಿನ ಜೋಡು ಹಾಕಿಸೋದೂ ಒಂದೇ, ಕಾಲು ತಿರುಗಲಿ ಅಂತ ಬಿಡೋದೂ ಒಂದೇ."

"ಅಂದ್ರೆ ಆ ಮಗು ಕುಂಟಿದ್ರೆ ನಾನು ಕಾರಣ."

"ನಾನು ಹಾಗೆ ಅಂದ್ನಾ?"

"ಬಾಯಲ್ಲಿ ಅನ್ನಲಿಲ್ಲ."

"ನನಗೇನು ಖುಷೀನಾ? ಕೆತ್ತಿದವನು ನಾನು" ಅಂದ ಅವನು. ಎದ್ದು ಹಿಂದಿನ ಮನೆಗೆ ಹೋಗಿ, ನೀರು ಕುಡಿಯುವ ನೆಪದಲ್ಲಿ ಅಲ್ಲೇ ನಿಂತ.

ಅವಳು ಹಲಗೆಯಿಂದ ಮಗಳ ಅಚ್ಚನ್ನು ತೆಗೆದು, ಬಟ್ಟೆಯಲ್ಲಿ ಸುತ್ತಿ, ಚೀಲದಲ್ಲಿಟ್ಟುಕೊಂಡು ಮೇಷ್ಟ್ರ ಮನೆಗೆ ನಡೆದಳು. ಗಂಡನಿಗೂ ಹೇಳಲಿಲ್ಲ.

ಮೇಷ್ಟ್ರದ್ದು ಮಹಡಿಯ ಮೇಲಿನ ಒಂದು ಕೋಣೆ. ಕುರ್ಚಿಯ ಮೇಲೂ ಪುಸ್ತಕ, ಹಾಸಿಗೆಯ ಮೇಲೂ ಪುಸ್ತಕ. ಅವರು ಒಂದು ಕುರ್ಚಿ ಖಾಲಿ ಮಾಡಿ ಕೂರಿಸಿದರು. ಅವಳು ಬಟ್ಟೆ ಬಿಚ್ಚಿ, ಅಚ್ಚನ್ನು ಮೇಜಿನ ಮೇಲಿಟ್ಟಳು. ಅವರಿಗೆ ಯಾರದೆಂದು ಹೇಳಬೇಕಾಗಲಿಲ್ಲ.

"ಆವತ್ತು ನೀವು ಒಂದು ಪದ ಹೇಳಿದ್ರಿ, ಅವಳಿಗೆ. ನಾನು ಹೊಲೀತಾ ಇದ್ದೆ, ಅರ್ಧ ಕೇಳಿಸಿಕೊಂಡೆ. ಇನ್ನೊಂದು ಸಲ ಹೇಳಿ."

ಮೇಷ್ಟ್ರು ಹೇಳಿದರು. ಹ್ಯೂಲೆ, ಮರ, ಆಮೇಲೆ ಇರುವ ಎಲ್ಲದರ ದ್ರವ್ಯ. ಪಾಠ ಹೇಳುವ ದನಿ ಬರಲಿಲ್ಲ ಅವರಿಗೆ. ತಡವರಿಸಿಕೊಂಡು ಹೇಳಿದರು. ಮಾತು ನಿಲ್ಲಿಸಲು ಹೆದರಿದವರ ಹಾಗೆ ಇನ್ನೂ ಮುಂದೆ ಹೋದರು. "ಆಮೇಲೆ ರೋಮಿನವರು ಆ ಪುಸ್ತಕಗಳನ್ನ ತಮ್ಮ ಲ್ಯಾಟಿನ್ ಭಾಷೆಗೆ ತಂದ್ರು. ಅವರೂ ಬಡಗಿ ಹತ್ರವೇ ಹೋದ್ರು. ಮಾತೇರಿಯ ಅಂದ್ರು. ಅದೂ ಮನೆ ಕಟ್ಟೋ ಮರ. ಕೊಂಬೆ ಅಲ್ಲ, ಬೊಡ್ಡೆ. ಚಿಗುರು ಹೊರಡೋ ಬೊಡ್ಡೆ. ಆ ಪದದ ಬೇರು ತಾಯಿ ಅನ್ನೋ ಮಾತು ಅಂತ ಹೇಳ್ತಾರೆ."

"ತಾಯಿ?"

"ಹೌದು."

ಅವಳು ಸ್ವಲ್ಪ ಹೊತ್ತು ತನ್ನ ಕೈ ನೋಡಿಕೊಂಡಳು. "ಚಿಗುರು ಹೋದ ಮೇಲೂ ಬೊಡ್ಡೆ ಇರುತ್ತೆ. ಅದಕ್ಕಾ ಆ ಹೆಸರು?"

ಮೇಷ್ಟ್ರು ಕನ್ನಡಕ ತೆಗೆದರು. ಮತ್ತೆ ಹಾಕಿಕೊಂಡರು.

"ಒಂದು ಕೇಳ್ತೀನಿ, ನೆಟ್ಟಗೆ ಹೇಳಿ" ಅಂದಳು. "ಈ ಮರದಲ್ಲಿ ಅವಳ ಕಾಲಿನ ಆಕಾರ ಇದೆ. ಆಕಾರ ಇದ್ದ ಮೇಲೆ ಅವಳು ಅಷ್ಟಾದ್ರೂ ಇದ್ದಾಳೆ ಅಂತಲಾ? ಒಂದು ಕಾಲಿನಷ್ಟಾದ್ರೂ?"

"ನಾನು ಹೌದು ಅಂದ್ರೆ ನೀವು ಇದನ್ನ ಇಟ್ಟುಕೊಳ್ತೀರಿ. ಇಲ್ಲ ಅಂದ್ರೆ ನಿಮ್ಮ ಹೊಟ್ಟೆಗೆ ಬೆಂಕಿ ಇಟ್ಟ ಹಾಗೆ. ನನ್ನ ಹತ್ರ ಯಾಕಮ್ಮ ಬಂದ್ರಿ?"

"ಆವತ್ತು, ಚಿಕ್ಕವಳು ಅಂತ ನೀವು ಅವಳಿಗೆ ಸುಳ್ಳು ಹೇಳಲಿಲ್ಲ. ಅದಕ್ಕೆ."

ಅವರು ಅಚ್ಚನ್ನು ಮುಟ್ಟಲಿಲ್ಲ. ಕಿಟಕಿಯ ಕಡೆ ನೋಡುತ್ತ ಹೇಳಿದರು. "ಅದೇ ಪಂಡಿತ ಇನ್ನೊಂದು ಮಾತು ಬರೆದಿದ್ದಾನೆ. ಕಲ್ಲಿನಲ್ಲಿ ಕೆತ್ತಿದ ಕೈಯನ್ನೂ ಕೈ ಅಂತೀವಿ, ಆದ್ರೆ ಹೆಸರಿಗೆ ಮಾತ್ರ. ಕೈ ಅಂದ್ರೆ ಹಿಡೀಬೇಕು. ಕಾಲು ಅಂದ್ರೆ ನಡೀಬೇಕು. ನಡೆಯೋದು ನಿಂತ ಮೇಲೆ ಆಕಾರ ಎಷ್ಟೇ ಸರಿಯಾಗಿರಲಿ, ಅದು ಕಾಲಲ್ಲ."

ಅವಳು ತಲೆ ಆಡಿಸಿದಳು. ಅಚ್ಚನ್ನು ಮೊದಲಿನ ಹಾಗೇ ಬಟ್ಟೆಯಲ್ಲಿ ಸುತ್ತಿದಳು.

"ನಾನು ಹೇಳಬಾರದಿತ್ತು" ಅಂದರು ಮೇಷ್ಟ್ರು.

"ಕೇಳಿದವಳು ನಾನು."

ಅವಳು ಮೆಟ್ಟಿಲ ಕಡೆ ನಡೆದಳು. ಗೋಡೆ ಹಿಡಿದು ಇಳಿದಳು. ಮನೆಗೆ ಬಂದು ಅಚ್ಚನ್ನು ಗಂಡನ ಕೆಲಸದ ಮಣೆಯ ಮೇಲಿಟ್ಟಳು. "ಆ ಮಗು ನಡೀಲಿ" ಅಂದಳು. ಒಳಗೆ ಹೋಗಿ ನಲ್ಲಿಯನ್ನು ಪೂರ್ತಿ ತಿರುಗಿಸಿ, ತೊಳೆದ ಪಾತ್ರೆಗಳನ್ನೇ ಮತ್ತೆ ತೊಳೆಯುತ್ತ ನಿಂತಳು. ನೀರಿನ ಸದ್ದಿನಲ್ಲಿ ಅರದ ಸದ್ದು ಕೇಳಿಸದು ಅಂದುಕೊಂಡಿದ್ದಳು. ಕೇಳಿಸಿತು.

ಜೋಡು ಆಯಿತು. ಮೇಲ್ತೊಗಲನ್ನು ಅವಳೇ ಹೊಲಿದಳು. ಅಚ್ಚು ಇಳಿದ ಮೇಲೆ ಹೇಗಾಗಿದೆ ಅಂತ ನೋಡಲಿಲ್ಲ. ತೊಗಲು ಎಳೆದು ಮುಚ್ಚಿದ ಮೇಲಷ್ಟೇ ಕೈಗೆ ತೆಗೆದುಕೊಂಡಳು. ಟೈಲರಮ್ಮನ ಮಗಳು ಹಾಕಿಕೊಂಡು ಅಂಗಡಿಯ ಈ ತುದಿಯಿಂದ ಆ ತುದಿಗೆ ನಡೆದಳು. ಟೈಲರಮ್ಮ ಹೊಲಿದುಕೊಟ್ಟವಳ ಎರಡೂ ಕೈ ಹಿಡಿದುಕೊಂಡು ನಿಂತಳು.

ಸ್ವಲ್ಪ ದಿನಕ್ಕೆ ಆ ಮಗು ಮತ್ತೆ ಬಂತು. ಅಮ್ಮನ ಕೈ ಜಗ್ಗಿ ಹಿಡಿದು, ಒಂದೊಂದು ಹೆಜ್ಜೆಗೂ ಮುಖ ಕಿವುಚುತ್ತಿತ್ತು.

"ಕಾಲು ಹೊರಕ್ಕೆ ಜಾರುತ್ತೆ ಅಂತಾಳೆ ಅಣ್ಣ. ಹಿಮ್ಮಡಿ ಎಲ್ಲ ಬೊಬ್ಬೆ ಬಂದಿದೆ. ಡಾಕ್ಟ್ರು ನೋಡಿ, ಹೀಗೇ ಬಿಟ್ರೆ ಕಾಲು ಮತ್ತೆ ತಿರುಗುತ್ತೆ ಅಂದ್ರು."

"ಆಗೋಕೆ ಸಾಧ್ಯ ಇಲ್ಲ" ಅಂದ ಗಂಡ. "ನಾನು ಎಲ್ಲಾ ಕಡೆ ಅಳತೆ ಹಿಡಿದಿದ್ದೀನಿ." ಅವನು ಅಳತೆ ತಪ್ಪುವವನಲ್ಲ. ಇಷ್ಟು ವರ್ಷದಲ್ಲಿ ಒಂದು ಜೋಡೂ ವಾಪಸ್ಸು ಬಂದಿರಲಿಲ್ಲ.

ಅವಳು ಜೋಡನ್ನು ಈಸಿಕೊಂಡು ಒಳಗೆ ಕೈ ಹಾಕಿದಳು. ಬೆರಳಿನ ಕಡೆ ಸರಿ. ಹಿಮ್ಮಡಿ ಸರಿ. ಹೊರಬದಿಗೆ ಹೆಬ್ಬೆರಳು ಸರಿಸಿದಳು. ಕಿರುಬೆರಳಿಗಿಂತ ಸ್ವಲ್ಪ ಹಿಂದೆ ತೊಗಲು ಹೊರಕ್ಕೆ ಉಬ್ಬಿ, ಒಳಗೆ ಒಂದು ಗುಳಿ ಬಿದ್ದಿತ್ತು. ಅವಳ ಹೆಬ್ಬೆರಳ ತುದಿ ಆ ಗುಳಿಯೊಳಗೆ ಹೋಗಿ ಕೂತಿತು. ಈ ಮಗುವಿನ ಕಾಲಿಗೆ ಅಲ್ಲಿ ಗಂಟಿಲ್ಲ. ಗುಳಿಯಿದ್ದ ಕಡೆಗೆ ಪಾದ ಜಾರಿ ಹೊರಳುತ್ತಿತ್ತು.

ಟೈಲರಮ್ಮನನ್ನು, "ಮಗುವನ್ನ ಒಳಗೆ ಕೂರಿಸು, ಕಾಲಿಗೆ ಔಷಧಿ ಹಚ್ಚು, ನಾವು ಸರಿ ಮಾಡ್ತೀವಿ" ಅಂತ ಹಿಂದಿನ ಮನೆಗೆ ಕಳಿಸಿದಳು. ಆಮೇಲೆ ಗಂಡನ ಹತ್ತಿರ ಬಂದು ಮೆಲ್ಲಗೆ ಕೇಳಿದಳು.

"ಇಲ್ಲಿ ಯಾಕೆ ಬಿಟ್ರಿ?"

"ಎಲ್ಲಿ?"

ಅವಳು ಹಲಗೆಯಿಂದ ಅಚ್ಚನ್ನು ಇಳಿಸಿ, ಅವನ ಹೆಬ್ಬೆರಳನ್ನು ಹಿಡಿದು ಅದರ ಮೇಲಿಟ್ಟಳು. ಅಚ್ಚು ಎಲ್ಲ ಕಡೆ ಸಣ್ಣದಾಗಿತ್ತು. ಬೆರಳು ಬೇರೆ, ಹಿಮ್ಮಡಿ ಬೇರೆ. ಗಂಟು ಮಾತ್ರ ಇದ್ದ ಹಾಗೆಯೇ ಇತ್ತು. ಅರ ಅದರ ಸುತ್ತ ಬಳಸಿಕೊಂಡು ಹೋಗಿತ್ತು.

ಅವನು ಬಹಳ ಹೊತ್ತು ನೋಡಿದ. "ಬಿಟ್ಟೆನಾ?" ಅಂದ. "ನಾನು ತೆಗೆದೆ ಅಂದುಕೊಂಡೆ. ಆಣೆಗೂ ತೆಗೆದೆ ಅಂದುಕೊಂಡೆ ಕಣೇ."

ಅರ ತೆಗೆದುಕೊಂಡ. ಗಂಟಿನ ಮೇಲಿಟ್ಟ. ಅವನ ಕೈ ಮುಂದೆ ಹೋಗಲಿಲ್ಲ. ಇನ್ನೊಂದು ಸಲ ಇಟ್ಟ. ಒಳಗಿದ್ದ ಮಗುವಿಗೆ ಕೇಳಿಸಬಾರದು ಅಂತ ತುಟಿ ಕಚ್ಚಿಕೊಂಡು ಅತ್ತ. ಮಗಳು ಹೋದ ದಿನವೂ ಅವನು ಹಾಗೆ ಅತ್ತಿರಲಿಲ್ಲ.

"ನನ್ನಿಂದ ಆಗಲ್ಲ."

"ಇಲ್ಲಿ ಕೊಡಿ."

"ನಿನಗೆ ಅರ ಹಿಡಿಯೋಕೆ ಬರಲ್ಲ."

"ಹೇಳಿಕೊಡಿ."

ಅವನು ಅಚ್ಚನ್ನು ಎರಡೂ ಕೈಯಲ್ಲಿ ಎದೆಗೆ ಒತ್ತಿ ಹಿಡಿದುಕೊಂಡ, ಅಲುಗಾಡದ ಹಾಗೆ. ಅವಳು ಎದುರಿಗೆ ಮೊಣಕಾಲೂರಿ ಕೂತಳು.

"ಮೇಲಿಂದ ಕೆಳಕ್ಕೆ ಎಳಿ. ಉದ್ದಕ್ಕೆ. ಅಡ್ಡ ಎಳೀಬೇಡ, ಸಿಬಿರು ಏಳುತ್ತೆ" ಅಂದ. ಕಣ್ಣು ಮುಚ್ಚಿಕೊಂಡಿದ್ದ.

ಅವಳು ಎಳೆದಳು. ಮರ ಗಟ್ಟಿಯಾಗಿತ್ತು. ಮೊದಲ ಎಳೆತಕ್ಕೆ ಒಂದು ಗೆರೆಯೂ ಬೀಳಲಿಲ್ಲ. ಇನ್ನೊಂದು ಸಲ ಭಾರ ಬಿಟ್ಟು ಎಳೆದಳು. ಪುಡಿ ಉದುರಿತು. ಪ್ರತಿ ಎಳೆತಕ್ಕೂ ಅವನ ಎದೆ ಹಿಂದಕ್ಕೆ ಹೋಗಿ ಮುಂದಕ್ಕೆ ಬರುತ್ತಿತ್ತು. ನಡುನಡುವೆ ನಿಲ್ಲಿಸಿ ಹೆಬ್ಬೆರಳಲ್ಲಿ ಮುಟ್ಟಿ ನೋಡಿದಳು. ಇತ್ತು. ಇನ್ನೂ ಸ್ವಲ್ಪ ಇತ್ತು. ನೋಯಿಸುತ್ತಿದ್ದೇನೆ ಅನ್ನಿಸಿ ಅವಳ ಬಾಯಿಂದ ತಾನಾಗೇ, "ಆಯ್ತು ಕಂದ, ಆಯ್ತು, ಆಗ್ಹೋಯ್ತು" ಅಂತ ಬಂತು. ಎಣ್ಣೆ ತೀಡುವಾಗ ಅನ್ನುತ್ತಿದ್ದ ಮಾತು. ಅವನು ಕಣ್ಣು ಬಿಡಲಿಲ್ಲ. ಅವಳು ಮತ್ತೆ ಮುಟ್ಟಿ ನೋಡಿದಾಗ ಅಲ್ಲಿ ನುಣ್ಣಗೆ ಮರ ಇತ್ತು, ಬೇರೇನೂ ಇರಲಿಲ್ಲ.

"ಸಾಕಾ ನೋಡಿ" ಅಂದಳು.

ಅವನು ಅಳತೆಪಟ್ಟಿ ಸುತ್ತಿ ನೋಡಿ, "ಸಾಕು" ಅಂದ.

ತೊಗಲನ್ನು ಮತ್ತೆ ನೆನೆಸಿ, ಎಳೆದು, ಮೊಳೆ ಹೊಡೆದು, ಅವಳು ಹೊಲಿಗೆ ಹಾಕಿಕೊಟ್ಟಳು. ಆ ಮಗು ಈಗ ನೆಟ್ಟಗೆ ನಡೆಯುತ್ತದೆ. 'ಶಾಲೆಗೆ ಹೋಗ್ತೀನಿ ಆಂಟಿ' ಅಂತ ಕೂಗಿಕೊಂಡು ಅಂಗಡಿಯ ಮುಂದೆಯೇ ಓಡುತ್ತದೆ. ಅವಳು ಕೈ ಬೀಸುತ್ತಾಳೆ. ಸಂತೋಷ ಆಗುವುದಿಲ್ಲ ಅಂತಲ್ಲ.

ಮೊದಮೊದಲು ಅವಳ ಹೆಬ್ಬೆರಳಿಗೆ ಆ ಗಂಟು ಗೊತ್ತಿತ್ತು. ಹೊಲಿಯುತ್ತ ಕೂತಾಗ, ದಾರ ಮುಗಿದಾಗ, ಸುಮ್ಮನೆ ತೊಡೆಯ ಮೇಲೆ ಬೆರಳಿಟ್ಟರೂ ಅದು ಅಲ್ಲಿರುತ್ತಿತ್ತು. ಒಂದು ದಿನ ಹಾಗೇ ಬೆರಳಿಟ್ಟಳು, ಬರಲಿಲ್ಲ. ಕಣ್ಣು ಮುಚ್ಚಿದಳು. ಮಗಳ ಕಾಲು ಮಡಿಲಲ್ಲಿದೆ, ಎಣ್ಣೆ ಬೆಚ್ಚಗಿದೆ ಅಂದುಕೊಂಡಳು. ಮುಖ ಬಂತು, ಮಾತು ಬಂತು, ನಡೆಯುವ ಸದ್ದೂ ಬಂತು. ಬೆರಳ ಕೆಳಗೆ ಏನೂ ಬರಲಿಲ್ಲ.

"ರೀ" ಅಂದಳು. "ಅವಳ ಆ ಗಂಟು ಎಷ್ಟಿತ್ತು?"

ಗಂಡ ಕೆಲಸ ನಿಲ್ಲಿಸಿದ. "ಅಂಗಿ ಗುಂಡಿಯಷ್ಟು."

"ಅಷ್ಟಿರಲಿಲ್ಲ. ಬಟಾಣಿ ಕಾಳಿನಷ್ಟು."

"ಕೆತ್ತಿದವನು ನಾನು ಕಣೇ. ಗುಂಡಿಯಷ್ಟಿತ್ತು. ಚಪ್ಪಟೆ."

"ಚಪ್ಪಟೆ ಅಲ್ಲ, ಗುಂಡಗಿತ್ತು. ದಿನಾ ಎಣ್ಣೆ ಹಚ್ಚಿದವಳು ನಾನು."

"ಚಪ್ಪಟೆ" ಅಂದ ಅವನು. ಆಮೇಲೆ ಅವನ ದನಿ ಕುಗ್ಗಿತು. "ಇರಬೇಕು. ಗುಂಡಗೇ ಇತ್ತೇನೋ."

ಅವನು ತನ್ನ ಕೈ ತಿರುಗಿಸಿ ಹೆಬ್ಬೆರಳು ನೋಡಿಕೊಳ್ಳುತ್ತಿದ್ದ. ಹೊರಗೆ ಯಾರೋ ಬಂದು, "ಅಂಗಡಿ ತೆಗೆದಿದೆಯಾ?" ಅಂತ ಕೇಳಿದರು. ಇಬ್ಬರಲ್ಲಿ ಯಾರೂ ಕೂಡಲೇ ಏಳಲಿಲ್ಲ.